ಕಪ್ಪು ತೆರೆ, ಬಿಳಿ ಹಾಳೆ

ಕಂಪ್ಯೂಟರಿನಲ್ಲಿ ದಿನವಿಡೀ ಬರೆಯುವವರು ಎಡಿಟರ್ ಎಂಬ ಬರೆಯುವ ತಂತ್ರಾಂಶ ಹೊಸದಾಗಿ ಕೈಗೆ ಬಂದೊಡನೆ ಬರೆಯಲು ಕೂರುವುದಿಲ್ಲ. ಮೊದಲು ಸೆಟ್ಟಿಂಗ್ಸ್‌ಗೆ ಹೋಗಿ ಹಿನ್ನೆಲೆ ಕಪ್ಪಿರಬೇಕೋ ಬಿಳಿಯಿರಬೇಕೋ, ಅಕ್ಷರದ ಅಳತೆ 14 ಇರಬೇಕೋ 18 ಇರಬೇಕೋ ಎಂದು ತೀರ್ಮಾನಿಸಿಕೊಳ್ಳುತ್ತಾರೆ. ಏಕೆಂದು ಕೇಳಿದರೆ ಕಪ್ಪು ಇಟ್ಟುಕೊಂಡವರೂ ಬಿಳಿ ಇಟ್ಟುಕೊಂಡವರೂ ಕೊಡುವ ಕಾರಣ ಒಂದೇ: ಕಣ್ಣಿಗೆ ಹಿತ. ಎರಡು ವಿರುದ್ಧ ಆಯ್ಕೆಗಳಿಗೆ ಒಂದೇ ಕಾರಣ ಸಿಗುತ್ತಿದೆ ಎಂದರೆ ಆ ಕಾರಣವನ್ನು ಸ್ವಲ್ಪ ಅನುಮಾನಿಸಬೇಕು. ಕಳೆದ ಅರ್ಧ ಶತಮಾನದಲ್ಲಿ ಮನುಷ್ಯನ ಕಣ್ಣು ಬದಲಾಗಿಲ್ಲ. ತೆರೆಯ ಬಣ್ಣ ಮಾತ್ರ ಕಪ್ಪಿನಿಂದ ಬಿಳಿಗೆ, ಬಿಳಿಯಿಂದ ಮತ್ತೆ ಕಪ್ಪಿಗೆ ಹೊರಳಿದೆ. ಈ ಹೊರಳಾಟವನ್ನು ನಿಜವಾಗಿ ನಡೆಸಿದ್ದು ಕಾಗದ ಎಂಬುದು ನನ್ನ ವಾದ. ಬರೆದದ್ದು ಕೊನೆಗೆ ಹಾಳೆಯ ಮೇಲೆ ಅಚ್ಚಾಗಬೇಕು ಎಂದಿದ್ದಾಗಲೆಲ್ಲ ತೆರೆ ಹಾಳೆಯ ವೇಷ ತೊಟ್ಟಿದೆ. ಕಾಗದದ ಹಂಗಿಲ್ಲದ ಬರವಣಿಗೆಗೆ ಬಣ್ಣ, ಅಳತೆಗಳ ಸ್ವಾತಂತ್ರ್ಯ ಸಿಕ್ಕಿದೆ, ಆ ಸ್ವಾತಂತ್ರ್ಯ ಸಿಕ್ಕವರಲ್ಲಿ ಬಹಳ ಮಂದಿ ಕಪ್ಪನ್ನು ಆರಿಸಿಕೊಂಡಿದ್ದಾರೆ.

ಮೊದಮೊದಲು ಎಡಿಟರಿಗೆ ತೆರೆಯೇ ಇರಲಿಲ್ಲ. 1963ರಲ್ಲಿ ಬಂದ ಟೆಲಿಟೈಪ್ ಮಾಡೆಲ್ 33 ಎಂಬ ಯಂತ್ರ ಸುರುಳಿ ಕಾಗದದ ಮೇಲೆ ಸೆಕೆಂಡಿಗೆ 10 ಅಕ್ಷರಗಳಂತೆ ಕುಟ್ಟುತ್ತಿತ್ತು, ಅದೂ ಬರೀ ಕ್ಯಾಪಿಟಲ್ ಅಕ್ಷರಗಳನ್ನು. ಕೆನ್ ಥಾಂಪ್ಸನ್ 1969ರಲ್ಲಿ ಯೂನಿಕ್ಸ್‌ಗಾಗಿ ಬರೆದ ‘ಎಡ್’ ಎಂಬ ಎಡಿಟರು ಹುಟ್ಟಿದ್ದು ಇಂಥ ಯಂತ್ರಗಳ ಕಾಲದಲ್ಲಿ. ಬಳಸುವವರು ತಪ್ಪು ಆಜ್ಞೆ ಕೊಟ್ಟರೆ ಅದು ಒಂದು ಪ್ರಶ್ನಾರ್ಥಕ ಚಿಹ್ನೆಯನ್ನಷ್ಟೇ ಒತ್ತಿ ಸುಮ್ಮನಾಗುತ್ತಿತ್ತು. ನಿಧಾನದ ಯಂತ್ರದಲ್ಲಿ ಮಾತು ಕಡಿಮೆಯಾದಷ್ಟೂ ಲಾಭ. ಬಣ್ಣ ಎಂದರೆ ಇಂಕ್ ರಿಬ್ಬನ್ನಿನ ಬಣ್ಣ, ಅಳತೆ ಎಂದರೆ ಅಚ್ಚಿನ ಮೊಳೆಯ ಅಳತೆ; ಎರಡನ್ನೂ ತಯಾರಕರು ನಿಗದಿ ಮಾಡಿ ಕಳಿಸುತ್ತಿದ್ದರು.

1970ರ ದಶಕದಲ್ಲಿ ಕಾಗದದ ಜಾಗಕ್ಕೆ ಗಾಜಿನ ಕೊಳವೆ ಬಂತು. ಆ ಕೊಳವೆಯ ಒಳಮೈಗೆ ಫಾಸ್ಫರ್ ಎಂಬ ಬೆಳಗುವ ವಸ್ತುವಿನ ಲೇಪ ಇರುತ್ತದೆ. ಇಲೆಕ್ಟ್ರಾನುಗಳ ಧಾರೆ ತಾಗಿದ ಕಡೆ ಅದು ಬೆಳಗುತ್ತದೆ, ತಾಗದ ಕಡೆ ಕತ್ತಲೆಯೇ ಉಳಿಯುತ್ತದೆ. ಅಕ್ಷರ ಇರುವಲ್ಲಿ ಮಾತ್ರ ಬೆಳಗಿಸುವುದು ಅಗ್ಗ. ಮೇಲಾಗಿ ಸೆಕೆಂಡಿಗೆ 50–60 ಸಲ ಮಾತ್ರ ಹೊಸದಾಗಿ ಬೆಳಗುವ ಕೊಳವೆಯಲ್ಲಿ ಇಡೀ ತೆರೆ ಬೆಳ್ಳಗಿದ್ದರೆ ಅದರ ಮಿಣುಕಾಟ ಕಣ್ಣಿಗೆ ಹೊಡೆಯುತ್ತದೆ. ಕಪ್ಪಿನ ಮೇಲಿನ ಸಣ್ಣ ಅಕ್ಷರಗಳಲ್ಲಿ ಅದು ಅಷ್ಟಾಗಿ ಗೊತ್ತಾಗುವುದಿಲ್ಲ. 1981ರ ಐಬಿಎಂ ಪಿಸಿಯ ಜೊತೆ ಬಂದ 5151 ಮಾನಿಟರಿನ ಹಸಿರು ಫಾಸ್ಫರನ್ನು ಆರಿಸಿದ್ದೂ ಇದಕ್ಕಾಗಿಯೇ. ಧಾರೆ ಮುಂದೆ ಹೋದ ಮೇಲೂ ಅದು ಒಂದು ಗಳಿಗೆ ಬೆಳಗುತ್ತಲೇ ಇರುತ್ತಿತ್ತು, ಹಾಗಾಗಿ 50 ಹರ್ಟ್ಸ್‌ನಲ್ಲೂ ಅಕ್ಷರ ನಡುಗುತ್ತಿರಲಿಲ್ಲ. ತೊಂದರೆ ಎಂದರೆ ಸಾಲುಗಳು ಮೇಲಕ್ಕೆ ಸರಿಯುವಾಗ ಹಿಂದೆ ಹಸಿರು ನೆರಳು ಎಳೆದುಕೊಂಡು ಹೋಗುತ್ತಿದ್ದವು. ಇದನ್ನು ಒಲ್ಲದವರು ಹಳದಿಗೆಂಪು ತೆರೆಯ ಮಾನಿಟರ್ ಕೊಂಡುಕೊಂಡರು. ಬಣ್ಣ ಬದಲಿಸಬೇಕಾದರೆ ಮಾನಿಟರನ್ನೇ ಬದಲಿಸಬೇಕಿದ್ದ ಕಾಲ ಅದು. ಅಷ್ಟಾದರೂ ಆಯ್ಕೆಯ ಒಂದು ಎಳೆ ಆಗಲೇ ಕಾಣಿಸಿತ್ತು. 1978ರ ವಿಟಿ100 ಟರ್ಮಿನಲ್ಲಿನ ಸೆಟ್-ಅಪ್ ಕೀಲಿ ಒತ್ತಿದರೆ ಹಿನ್ನೆಲೆಯನ್ನು ಕಪ್ಪಿನಿಂದ ಬೆಳಕಿಗೆ ತಿರುಗಿಸಬಹುದಿತ್ತು, ಸಾಲಿಗೆ 80 ಅಕ್ಷರ ಸಾಲದಿದ್ದರೆ 132 ಮಾಡಿಕೊಳ್ಳಬಹುದಿತ್ತು. ಅಕ್ಷರದ ಅಳತೆಯ ಮಟ್ಟಿಗೆ ಬಳಸುವವರಿಗಿದ್ದ ಅಧಿಕಾರ ಹೆಚ್ಚುಕಡಿಮೆ ಅಷ್ಟೇ.

ಹಾಳೆಯಂಥ ಬಿಳಿ ತೆರೆ ಹುಟ್ಟಿದ್ದು ಕಾಗದದ ಮೇಲೆ ಪ್ರತಿ ತೆಗೆಯುವ ಯಂತ್ರಗಳನ್ನು ಮಾರುತ್ತಿದ್ದ ಕಂಪನಿಯಲ್ಲಿ ಎನ್ನುವುದು ಕಾಕತಾಳೀಯವಲ್ಲ. ಕ್ಯಾಲಿಫೋರ್ನಿಯಾದ ಪಾಲೊ ಆಲ್ಟೊದಲ್ಲಿದ್ದ ಝೆರಾಕ್ಸ್ ಸಂಶೋಧನಾ ಕೇಂದ್ರದಲ್ಲಿ ಗ್ಯಾರಿ ಸ್ಟಾರ್ಕ್‌ವೆದರ್ ಲೇಸರ್ ಪ್ರಿಂಟರನ್ನು ರೂಪಿಸುತ್ತಿದ್ದ ವರ್ಷಗಳಲ್ಲೇ, 1973ರಲ್ಲಿ, ಆಲ್ಟೊ ಎಂಬ ಕಂಪ್ಯೂಟರ್ ತಯಾರಾಯಿತು. ಅದರ ತೆರೆ ಟಿವಿಯಂತೆ ಅಡ್ಡಗಲಕ್ಕಿರಲಿಲ್ಲ, ಅಮೆರಿಕದ ಕಾಗದದ ಹಾಳೆಯಂತೆ ಉದ್ದಕ್ಕಿತ್ತು. ಬಿಳಿಯ ಮೇಲೆ ಕಪ್ಪು ಅಕ್ಷರ. ಅಡ್ಡ 606, ಉದ್ದ 808 ಚುಕ್ಕೆಗಳು. ಒಂದೊಂದು ಚುಕ್ಕೆಗೂ ಮೆಮೊರಿಯಲ್ಲಿ ಜಾಗ ಬೇಕಾದ್ದರಿಂದ ತೆರೆಯೊಂದಕ್ಕೇ 61 ಸಾವಿರಕ್ಕೂ ಹೆಚ್ಚು ಬೈಟ್ ಬೇಕು. ಯಂತ್ರಕ್ಕಿದ್ದ ಒಟ್ಟು ಮೆಮೊರಿ 128 ಕಿಲೋಬೈಟ್. ಅಂದರೆ ಸುಮಾರು ಅರ್ಧ ಮೆಮೊರಿಯನ್ನು ಹಾಳೆಯ ವೇಷಕ್ಕೆ ಸುರಿದರು. ಅದೇ 80 ಕಾಲಮ್ಮು, 24 ಸಾಲಿನ ಟರ್ಮಿನಲ್ಲಿಗೆ 1,920 ಬೈಟ್ ಸಾಕಾಗುತ್ತಿತ್ತು. ಮೆಮೊರಿ ಚಿನ್ನದ ಬೆಲೆಗಿದ್ದ ದಿನಗಳಲ್ಲಿ ಇಷ್ಟು ದುಂದು ಮಾಡಬೇಕಾದರೆ ಕಾರಣ ಗಟ್ಟಿಯಾಗಿಯೇ ಇರಬೇಕು. ಪ್ರಿಂಟರಿನಿಂದ ಏನು ಹೊರಬೀಳುತ್ತದೋ ಅದನ್ನೇ ತೆರೆಯ ಮೇಲೆ ಕಾಣಬೇಕು ಎಂಬುದೇ ಆ ಕಾರಣ. ಬಟ್ಲರ್ ಲ್ಯಾಂಪ್ಸನ್ ಮತ್ತು ಚಾರ್ಲ್ಸ್ ಸಿಮೊನಿ ಅದೇ ಯಂತ್ರಕ್ಕೆ 1974ರಲ್ಲಿ ಕಟ್ಟಿದ ಬ್ರಾವೊ ಎಡಿಟರಿನಲ್ಲಿ ಬೇರೆಬೇರೆ ಅಳತೆ, ಬೇರೆಬೇರೆ ರೂಪದ ಅಕ್ಷರಗಳು ಒಂದೇ ಪುಟದಲ್ಲಿ ಕೂಡಿ ಬಂದವು. ಮುಂದೆ ಮೈಕ್ರೋಸಾಫ್ಟ್ ಸೇರಿದ ಸಿಮೊನಿ ಅಲ್ಲಿ ವರ್ಡ್‌ನ ಕೆಲಸದ ಮುಂದಾಳಾದರು. 1984ರ ಮೆಕಿಂಟಾಷ್ ಈ ನಂಟನ್ನು ಇನ್ನೂ ಬಿಗಿ ಮಾಡಿತು. ಅದರ ತೆರೆಯಲ್ಲಿ ಅಂಗುಲಕ್ಕೆ 72 ಚುಕ್ಕೆ, ಅಚ್ಚಿನವರ ಲೆಕ್ಕದಲ್ಲಿ ಅಂಗುಲಕ್ಕೆ 72 ಪಾಯಿಂಟ್, ಅದರ ಜೊತೆಯ ಇಮೇಜ್‌ರೈಟರ್ ಪ್ರಿಂಟರಿನಲ್ಲಿ ಅಂಗುಲಕ್ಕೆ 144 ಚುಕ್ಕೆ. ತೆರೆಯ ಮೇಲಿನ 12 ಪಾಯಿಂಟಿನ ಅಕ್ಷರಕ್ಕೆ ಅಳತೆಪಟ್ಟಿ ಹಿಡಿದರೂ ಕಾಗದದ ಮೇಲಿನ ಅಕ್ಷರಕ್ಕೆ ಹಿಡಿದರೂ ಒಂದೇ ಲೆಕ್ಕ ಬರುತ್ತಿತ್ತು.

ಇಲ್ಲಿ ಒಂದು ಆಕ್ಷೇಪ ಏಳುತ್ತದೆ. 1980ರ ದಶಕದಲ್ಲಿ ಕಚೇರಿಗಳನ್ನು ಆಳಿದ ವರ್ಡ್‌ಪರ್ಫೆಕ್ಟ್ ನೀಲಿ ತೆರೆಯ ಮೇಲೆ ಬಿಳಿ ಅಕ್ಷರ ತೋರಿಸುತ್ತಿತ್ತು. ವಕೀಲರ ನೋಟಿಸಿನಿಂದ ಹಿಡಿದು ಕಂಪನಿಗಳ ಪತ್ರಗಳವರೆಗೆ ಅದರಲ್ಲಿ ಬರೆದದ್ದೆಲ್ಲ ಕಾಗದಕ್ಕೇ ಹೋಗುತ್ತಿತ್ತಲ್ಲ, ಹಾಗಾದರೆ ನೀಲಿ ಏಕೆ? ವಿಂಡೋಸ್‌ಗೆ ಮುಂಚಿನ ಡಾಸ್ ಕಾಲದ ವರ್ಡ್‌ಪರ್ಫೆಕ್ಟಿನಲ್ಲಿ ಬರೆಯುವ ತೆರೆಗೂ ಹಾಳೆಗೂ ಸಂಬಂಧವೇ ಇರಲಿಲ್ಲ ಎಂಬುದು ಇದಕ್ಕೆ ಉತ್ತರ. ದಪ್ಪಕ್ಷರ ಬೇಕಾದಲ್ಲಿ ಬಣ್ಣ ಬದಲಾಗುತ್ತಿತ್ತು; ಅಕ್ಷರದ ಆಕಾರ ತೆರೆಯ ಮೇಲೆ ಒಂದೇ. ಒಳಗಿನ ಗುರುತುಗಳನ್ನು ನೋಡಲು ತೆರೆಯನ್ನು ಎರಡಾಗಿ ಸೀಳುವ ಬೇರೆಯೇ ಕೀಲಿ ಇತ್ತು. ಪುಟ ಹೇಗೆ ಬರುತ್ತದೆ ಎಂಬುದು ಅಚ್ಚಾದ ಮೇಲೆಯೇ ಪೂರ್ತಿ ತಿಳಿಯುತ್ತಿತ್ತು. ಹಾಳೆಯನ್ನು ನಟಿಸಲು ಆಗದ ತೆರೆ ಹಾಳೆಯ ಬಣ್ಣ ತೊಡುವ ಗೋಜಿಗೂ ಹೋಗಲಿಲ್ಲ, ಅಷ್ಟೆ. ವಿಂಡೋಸ್ ಬಂದು, ತೆರೆಯ ಮೇಲೆಯೇ ಪುಟ ಮೂಡತೊಡಗಿದಾಗ ನೀಲಿಗೆ ಏನಾಯಿತು ನೋಡಿ. ಮೈಕ್ರೋಸಾಫ್ಟ್ ವರ್ಡ್‌ನ ಆಯ್ಕೆಗಳ ನಡುವೆ ‘ನೀಲಿ ಹಿನ್ನೆಲೆ, ಬಿಳಿ ಅಕ್ಷರ’ ಎಂಬ ಒಂದು ಚೌಕ ಉಳಿಯಿತು. ಹಳೆಯ ಬಳಕೆದಾರರನ್ನು ಒಲಿಸಿಕೊಳ್ಳಲು ಇಟ್ಟದ್ದದು. ಅದಕ್ಕೆ ಟಿಕ್ ಹಾಕಿದರೆ ತೆರೆ ನೀಲಿಯಾಗುತ್ತಿತ್ತು, ಪ್ರಿಂಟು ಮಾತ್ರ ಎಂದಿನಂತೆ ಬಿಳಿಯ ಮೇಲೆ ಕಪ್ಪು. ವರ್ಡ್ 2007ರಲ್ಲಿ ಆ ಚೌಕವನ್ನೂ ತೆಗೆದುಹಾಕಿದರು.

ಅದೇ ನೀಲಿ ಇನ್ನೊಂದು ಕಡೆ ದೀರ್ಘಕಾಲ ಬಾಳಿತು, ಪ್ರೋಗ್ರಾಂ ಬರೆಯುವವರ ನಡುವೆ. ಬೋರ್ಲ್ಯಾಂಡ್ ಕಂಪನಿಯ ಟರ್ಬೊ ಸಿ ಎಡಿಟರಿನ ನೀಲಿ ತೆರೆ, ಹಳದಿ ಅಕ್ಷರಗಳನ್ನು ಕರ್ನಾಟಕದ ಎಂಜಿನಿಯರಿಂಗ್ ಕಾಲೇಜುಗಳಲ್ಲಿ ಓದಿದ ಒಂದಿಡೀ ಪೀಳಿಗೆ ಮರೆಯಲಾರದು. ಡಾಸ್ ಮೂಲೆಗೆ ಸರಿದ ಎಷ್ಟೋ ವರ್ಷಗಳ ಮೇಲೂ ಲ್ಯಾಬುಗಳಲ್ಲಿ ಅದೇ ನಡೆಯುತ್ತಿತ್ತು. (ಅಲ್ಲಿ ಬರೆದ ಪ್ರೋಗ್ರಾಮನ್ನು ಮತ್ತೆ ಕೈಯಲ್ಲಿ ಲ್ಯಾಬ್ ರೆಕಾರ್ಡಿಗೆ ಇಳಿಸಿಕೊಳ್ಳಬೇಕಿತ್ತು ಎಂಬುದು ನಮ್ಮ ಶಿಕ್ಷಣ ಕಾಗದಕ್ಕೆ ಸಲ್ಲಿಸಿದ ವಿಶೇಷ ಕಪ್ಪಕಾಣಿಕೆ.) ಪ್ರೋಗ್ರಾಮರುಗಳೂ ಒಂದು ಕಾಲದಲ್ಲಿ ಕಾಗದದಲ್ಲೇ ಓದುತ್ತಿದ್ದವರು. 1960, 70ರ ದಶಕಗಳಲ್ಲಿ ಹಸಿರು ಪಟ್ಟೆಗಳ ಅಗಲ ಕಾಗದದ ಮೇಲೆ ಮಾರುದ್ದ ಪ್ರಿಂಟ್ ತೆಗೆದು, ಮೇಜಿನ ಮೇಲೆ ಹರಡಿಕೊಂಡು ತಪ್ಪು ಹುಡುಕುತ್ತಿದ್ದರು. ಆಲ್ಗಾಲ್ ಭಾಷೆಯ ಪ್ರೋಗ್ರಾಮುಗಳನ್ನು ಪುಸ್ತಕದಲ್ಲಿ ಅಚ್ಚು ಮಾಡುವಾಗ ಮುಖ್ಯ ಪದಗಳನ್ನು ದಪ್ಪಕ್ಷರದಲ್ಲಿ ಜೋಡಿಸುತ್ತಿದ್ದರು, ಏಕೆಂದರೆ ಒಂದೇ ಶಾಯಿಯ ಪುಟದಲ್ಲಿ ಒಂದು ಪದವನ್ನು ಇನ್ನೊಂದರಿಂದ ಬೇರೆ ಮಾಡಿ ತೋರಿಸಲು ಅಕ್ಷರದ ದಪ್ಪ, ಓರೆಗಳಲ್ಲದೆ ಬೇರೆ ದಾರಿಯಿಲ್ಲ. ತೆರೆಗಳು ದೊಡ್ಡದಾಗಿ, ಹುಡುಕುವ ಸೌಲಭ್ಯ ಬಂದು, ಆ ಪ್ರಿಂಟ್ ಕಟ್ಟುಗಳು ಮಾಯವಾದ ಮೇಲೆ ಪ್ರೋಗ್ರಾಮಿಗೆ ಕಾಗದದ ನಂಟು ಕಳಚಿತು. ಬಣ್ಣ ಒಳಗೆ ಬಂದದ್ದು ಆ ಸಂಧಿಯಲ್ಲಿ.

ಪದಗಳಿಗೆ ಅವುಗಳ ಕೆಲಸಕ್ಕೆ ತಕ್ಕ ಬಣ್ಣ ಕೊಡುವ ಪದ್ಧತಿಯ ಮೊದಲ ಮಾದರಿಗಳಲ್ಲಿ ಒಂದು ಪ್ರೋಗ್ರಾಮಿಗಾಗಿ ಹುಟ್ಟಿದ್ದೇ ಅಲ್ಲ, ನಿಘಂಟಿಗಾಗಿ. ಐಬಿಎಂನ ಮೈಕ್ ಕೌಲಿಶಾ 1985ರಲ್ಲಿ ಆಕ್ಸ್‌ಫರ್ಡ್ ಇಂಗ್ಲಿಷ್ ನಿಘಂಟನ್ನು ಕಂಪ್ಯೂಟರಿಗೆ ತರುವ ಯೋಜನೆಗಾಗಿ ಲೆಕ್ಸ್ ಎಂಬ ಎಡಿಟರ್ ಬರೆದರು. ನಿಘಂಟಿನ ಒಂದು ನಮೂದಿನಲ್ಲಿ ಮುಖ್ಯಪದ, ಉಚ್ಚಾರ, ವ್ಯುತ್ಪತ್ತಿ, ಅರ್ಥ, ಬಳಕೆಯ ಉದಾಹರಣೆ ಎಲ್ಲವೂ ಒಂದರ ಬೆನ್ನಿಗೊಂದು ಒತ್ತಿಕೊಂಡಿರುತ್ತವೆ. ಅಚ್ಚಿನ ಪುಟದಲ್ಲಿ ಇವನ್ನು ಅಕ್ಷರದ ಜಾತಿ ಬದಲಿಸಿ ತೋರಿಸುತ್ತಿದ್ದರು. ಲೆಕ್ಸ್ ಬರೆಯುತ್ತಿದ್ದಂತೆಯೇ ಸಾಲನ್ನು ಬಿಡಿಸಿ ನೋಡಿ, ಒಂದೊಂದು ಭಾಗಕ್ಕೆ ಒಂದೊಂದು ಬಣ್ಣ ಹಚ್ಚುತ್ತಿತ್ತು. ತಿದ್ದುವವರಿಗೆ ಅಂತಿಮ ಪುಟ ಕಾಣಬೇಕಿರಲಿಲ್ಲ, ಬರಹದ ಒಳಗಟ್ಟು ಕಾಣಬೇಕಿತ್ತು. ನಿಘಂಟು ಕೊನೆಗೆ ಕಾಗದಕ್ಕೆ ಹೋದರೂ ತಿದ್ದುವ ಹೊತ್ತಿನಲ್ಲಿ ಅದು ಕಾಗದವಲ್ಲ ಎಂಬ ತಿಳಿವಳಿಕೆ ಆ ಎಡಿಟರಿನಲ್ಲಿತ್ತು. 1998ರಲ್ಲಿ ಬಂದ ವಿಮ್ 5.0 ಎಂಬ ಎಡಿಟರು ಇದೇ ಸೌಲಭ್ಯವನ್ನು ಪುಕ್ಕಟೆಯಾಗಿ ಎಲ್ಲರ ಕೈಗಿಟ್ಟಿತು. ಬಣ್ಣಗಳ ಸಂಖ್ಯೆ ಏರುತ್ತಿದ್ದಂತೆ ಹಿನ್ನೆಲೆಯ ಪ್ರಶ್ನೆ ತೀವ್ರವಾಯಿತು. ಬಿಳಿಯ ಮೇಲೆ ಹಳದಿ, ತಿಳಿಹಸಿರು, ಆಕಾಶನೀಲಿ ತೇಲಿಹೋಗುತ್ತವೆ. ಅಲ್ಲಿ ಓದಲಾಗುವ ಬಣ್ಣಗಳೆಲ್ಲ ಕಡುಬಣ್ಣಗಳು, ಕಡುಬಣ್ಣಗಳು ಒಂದಕ್ಕೊಂದು ಹತ್ತಿರ. ಕಪ್ಪಿನ ಮೇಲೆ ಏಳೆಂಟು ಬಣ್ಣಗಳನ್ನು ಬೇರೆಬೇರೆಯಾಗಿ ಗುರುತಿಸುವುದು ಸುಲಭ. 2006ರಲ್ಲಿ ವಿಮರ್ ಹ್ಯಾಜೆನ್‌ಬರ್ಗ್ ರೂಪಿಸಿದ ಮೊನೊಕಾಯ್ ಎಂಬ ಥೀಮಿನ, ಅಂದರೆ ಬಣ್ಣಗಳ ಕಟ್ಟಿನ, ಗುಲಾಬಿ, ಹಳದಿ, ಹಸಿರುಗಳನ್ನು ಬಿಳಿ ಹಾಳೆಯ ಮೇಲೆ ಹಾಕಿ ನೋಡಿದರೆ ಇದು ಗೊತ್ತಾಗುತ್ತದೆ. 2011ರಲ್ಲಿ ಈಥನ್ ಸ್ಕೂನೋವರ್ ಸೋಲರೈಸ್ಡ್ ಎಂಬ 16 ಬಣ್ಣಗಳ ಕಟ್ಟನ್ನು ಬಿಡುಗಡೆ ಮಾಡಿದಾಗ ಅವರು ಸೆಣಸಿದ್ದೂ ಇದೇ ತೊಡಕಿನೊಂದಿಗೆ. ಎಂಟು ಹಿನ್ನೆಲೆ-ಅಕ್ಷರದ ಬಣ್ಣಗಳನ್ನು ತಲೆಕೆಳಗು ಮಾಡಿದರೆ ಕಪ್ಪು ಥೀಮ್ ಬಿಳಿಯಾಗಬೇಕು, ಉಳಿದ ಎಂಟು ಬಣ್ಣಗಳು ಎರಡರಲ್ಲೂ ಹಾಗೆಯೇ ನಿಲ್ಲಬೇಕು. ಬೆಳಕಿನ ಪ್ರಮಾಣವನ್ನು ಲೆಕ್ಕ ಹಾಕಿ ಅದನ್ನು ಸಾಧಿಸಿದರು. 2015ರಲ್ಲಿ ಬಂದ ವಿಎಸ್ ಕೋಡ್ ಎಡಿಟರು ಬಾಗಿಲು ತೆರೆದದ್ದೇ ಕಪ್ಪು ಥೀಮಿನಲ್ಲಿ. ಅಲ್ಲಿಗೆ ಕಪ್ಪು ಮರಳಿ ವಾಡಿಕೆಯಾಯಿತು.

ಇನ್ನು ಕಣ್ಣಿನ ವಾದಕ್ಕೆ ಬರೋಣ. ಪ್ರಯೋಗಗಳು ಕಪ್ಪು ಥೀಮಿನ ಪಕ್ಷ ವಹಿಸಿಲ್ಲ. ಬಾವರ್ ಮತ್ತು ಕವೋನಿಯಸ್ 1980ರಲ್ಲೇ ಬೆಳಕಿನ ಹಿನ್ನೆಲೆಯ ಕಪ್ಪು ಅಕ್ಷರಗಳನ್ನು ಓದುವಾಗ ತಪ್ಪುಗಳು ಕಡಿಮೆ ಎಂದು ತೋರಿಸಿದರು. ಜರ್ಮನಿಯ ಡ್ಯೂಸೆಲ್‌ಡಾರ್ಫಿನ ಪೀಪೆನ್‌ಬ್ರಾಕ್, ಬುಖ್ನರ್ ಮತ್ತು ಸಂಗಡಿಗರು 2013ರಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ ಯುವಕರೂ ವಯಸ್ಸಾದವರೂ ಬಿಳಿ ಹಿನ್ನೆಲೆಯಲ್ಲೇ ಚೆನ್ನಾಗಿ ಓದಿದರು. ತೆರೆ ಬೆಳಗಿದ್ದರೆ ಕಣ್ಣಿನ ಪಾಪೆ ಕಿರಿದಾಗುತ್ತದೆ, ಪಾಪೆ ಕಿರಿದಾದರೆ ಬಿಂಬ ಸ್ಪಷ್ಟವಾಗುತ್ತದೆ ಎಂಬುದು ಅವರು ಕೊಡುವ ವಿವರಣೆ. ಅಕ್ಷರ ಚಿಕ್ಕದಾದಷ್ಟೂ ಬಿಳಿಯ ಲಾಭ ಹೆಚ್ಚು ಎಂದು ಅದೇ ತಂಡ ಮರುವರ್ಷ ಕಂಡುಕೊಂಡಿತು. ಕಣ್ಣೇ ತೀರ್ಪುಗಾರನಾಗಿದ್ದರೆ ಮೊಕದ್ದಮೆ ಅಲ್ಲಿಗೆ ಮುಗಿಯಬೇಕಿತ್ತು. ಆದರೆ ಕಪ್ಪು ಥೀಮುಗಳು ಊರೆಲ್ಲ ಹಬ್ಬಿದ್ದು ಆಮೇಲೆಯೇ. ಕತ್ತಲ ಕೋಣೆಯಲ್ಲಿ ಬಿಳಿ ತೆರೆ ಚುಚ್ಚುತ್ತದೆ ಎಂಬುದು ನಿಜ, ಬೆಳಕು ಸಹಿಸಲಾರದ ಕೆಲವು ಕಣ್ಣಿನ ತೊಂದರೆಗಳಲ್ಲಿ ಕಪ್ಪು ಹಿನ್ನೆಲೆ ಬೇಕೇ ಬೇಕು ಎಂಬುದೂ ನಿಜ. ಆದರೆ ಹಗಲಿನ ಕಚೇರಿಯಲ್ಲಿ, ಕಿಟಕಿಯ ಪಕ್ಕ ಕೂತು ಕಪ್ಪು ತೆರೆಯಲ್ಲಿ ಕೆಲಸ ಮಾಡುವ ಆರೋಗ್ಯವಂತ ಪ್ರೋಗ್ರಾಮರುಗಳ ಆಯ್ಕೆಗೆ ಇವು ಕಾರಣವಾಗಲಾರವು.

ಬ್ಯಾಟರಿಯ ವಾದ ಇನ್ನೂ ತೆಳ್ಳಗಿದೆ. ಒಎಲ್ಇಡಿ ತೆರೆಯಲ್ಲಿ ಕಪ್ಪು ಚುಕ್ಕೆಗೆ ವಿದ್ಯುತ್ ಬೇಕಿಲ್ಲ, ಸರಿ. ಅಮೆರಿಕದ ಪರ್ಡ್ಯೂ ವಿಶ್ವವಿದ್ಯಾಲಯದವರು 2021ರಲ್ಲಿ ಅಳೆದು ನೋಡಿದಾಗ, ಜನ ಸಾಮಾನ್ಯವಾಗಿ ಇಟ್ಟುಕೊಳ್ಳುವ ಶೇಕಡಾ 30–50 ಪ್ರಕಾಶದಲ್ಲಿ ಉಳಿತಾಯ ಶೇಕಡಾ 3ರಿಂದ 9 ಮಾತ್ರ; ಪೂರ್ಣ ಪ್ರಕಾಶದಲ್ಲಿ ಮಾತ್ರ ಅದು ಶೇಕಡಾ 40ರ ಆಸುಪಾಸಿಗೆ ಏರುತ್ತದೆ. ಅದೂ ಫೋನಿನ ಲೆಕ್ಕ. ಎಡಿಟರುಗಳು ಕಪ್ಪಾದ ಕಾಲದಲ್ಲಿ ಮೇಜಿನ ಮೇಲಿದ್ದದ್ದು ಎಲ್‌ಸಿಡಿ. ಅದರ ಹಿಂದಿನ ದೀಪ ತೆರೆ ಕಪ್ಪಿದ್ದರೂ ಉರಿಯುತ್ತಲೇ ಇರುತ್ತದೆ. ಉಳಿದದ್ದು ಶೋಕಿಯ ವಾದ, ಸಿನಿಮಾದ ಹ್ಯಾಕರನನ್ನು ನೋಡಿ ಕಲಿತದ್ದು ಎಂಬುದು. ಇದರಲ್ಲಿ ಸತ್ಯಾಂಶವಿದೆ. ಆದರೆ 2018ರಲ್ಲಿ ಮ್ಯಾಕ್‌ಗೂ 2019ರಲ್ಲಿ ಐಫೋನ್, ಆಂಡ್ರಾಯ್ಡ್‌ಗೂ ಡಾರ್ಕ್ ಮೋಡ್ ಬಂದಾಗ ಅದನ್ನು ಬಳಸಿದ ಕೋಟ್ಯಂತರ ಜನಕ್ಕೆ ಹ್ಯಾಕರ್ ಆಗುವ ಆಸೆಯೇನೂ ಇರಲಿಲ್ಲ. ಫೋನಿನ ಚಾಟ್ ಯಾರೂ ಪ್ರಿಂಟ್ ತೆಗೆಯದ ಬರವಣಿಗೆ ಎಂಬುದನ್ನು ಇಲ್ಲಿ ನೆನೆಯಬೇಕು. ಹಾಗಿದ್ದರೆ ಯಾರೂ ಪ್ರಿಂಟ್ ತೆಗೆಯದ ಸುದ್ದಿ ಜಾಲತಾಣಗಳು ಇಂದಿಗೂ ಬೆಳ್ಳಗೇ ಇವೆಯಲ್ಲ ಎಂದು ಕೇಳಬಹುದು. ಪತ್ರಿಕೆಯ ಮನೆಯಿಂದ ಬಂದ ಬರಹ ಪತ್ರಿಕೆಯ ಉಡುಪನ್ನು ಬೇಗ ಕಳಚುವುದಿಲ್ಲ. ನನ್ನ ವಾದ ಇಲ್ಲಿ ಸ್ವಲ್ಪ ಸಡಿಲವಾಗುತ್ತದೆ ಎಂದು ಒಪ್ಪುತ್ತೇನೆ.

ಹೆಚ್ಚು ಗಂಭೀರವಾದ ಆಕ್ಷೇಪ ಇನ್ನೊಂದಿದೆ: ಕಪ್ಪು ತೆರೆ ಗಾಜಿನ ಕೊಳವೆಯ ಆಕಸ್ಮಿಕ, ಈಗಿನದು ಅದರ ಹಳೆಯ ನೆನಪಿನ ಮೋಹ, ಅಷ್ಟಕ್ಕೇಕೆ ಸಿದ್ಧಾಂತ? ಇದಕ್ಕೆ ಉತ್ತರವಾಗಿ, ವಿದ್ಯುತ್ತಿನ ಸುಳಿವೇ ಇಲ್ಲದ ಕಾಲದ ಸಾಕ್ಷಿ ಕನ್ನಡ ನಾಡಿನಲ್ಲೇ ಇದೆ. ಹತ್ತೊಂಬತ್ತನೇ ಶತಮಾನದವರೆಗೂ ಇಲ್ಲಿನ ವರ್ತಕರು, ಶಾನುಭೋಗರು ಲೆಕ್ಕ ಬರೆಯುತ್ತಿದ್ದದ್ದು ಕಡತದಲ್ಲಿ. ಇಂದು ಕಚೇರಿಗಳಲ್ಲಿ ವಿಲೇವಾರಿಗೆ ಕಾಯುವ ಕಡತವಲ್ಲ ಅದು. ಒಂದಡಿಯ ಆಸುಪಾಸಿನ ಅಗಲ, ಹತ್ತಾರು ಅಡಿ ಉದ್ದದ ಹತ್ತಿಬಟ್ಟೆಗೆ ಹುಣಿಸೆಬೀಜದ ಸರಿ, ಇದ್ದಿಲ ಪುಡಿ ಬಳಿದು ಒಣಗಿಸಿ, ಹಿಂದುಮುಂದಾಗಿ ಮಡಿಸಿ, ಪುಸ್ತಕದಂತೆ ಮಾಡಿಕೊಂಡದ್ದು. ಕರಿಯ ಮೈಯ ಮೇಲೆ ಬಳಪದಲ್ಲಿ ಬಿಳಿ ಅಕ್ಷರ. ಬೇಡವಾದದ್ದನ್ನು ಅಳಿಸಿ ಮತ್ತೆ ಬರೆಯಬಹುದು. ಮೈಸೂರಿನಲ್ಲಿ ರೆಸಿಡೆಂಟ್ ಆಗಿದ್ದ ಮಾರ್ಕ್ ವಿಲ್ಕ್ಸ್ ತಮ್ಮ 1810ರ ಇತಿಹಾಸಗ್ರಂಥದಲ್ಲಿ ಇದನ್ನು ವರ್ಣಿಸಿದ್ದಾರೆ, ಜಾರ್ಜ್ ಬ್ಯೂಲರ್ ತಮ್ಮ ಭಾರತೀಯ ಲಿಪಿಶಾಸ್ತ್ರದ ಗ್ರಂಥದಲ್ಲೂ ಹೇಳಿದ್ದಾರೆ, ಶೃಂಗೇರಿ ಮಠದಲ್ಲಿ ಇಂಥ ಕಡತಗಳ ದೊಡ್ಡ ಸಂಗ್ರಹವೇ ಉಳಿದಿದೆ. ಅದೇ ಕಾಲದಲ್ಲಿ ಕಾವ್ಯ, ಶಾಸ್ತ್ರಗಳನ್ನು ಪ್ರತಿ ಮಾಡುತ್ತಿದ್ದದ್ದು ಓಲೆಗರಿಯ ಮೇಲೆ. ಅಲ್ಲಿ ಕಂಟವೆಂಬ ಚೂಪಾದ ಕಡ್ಡಿಯಿಂದ ಕೊರೆದ ಗೆರೆಗಳಿಗೆ ಮಸಿ ತೀಡಿ, ತಿಳಿಬಣ್ಣದ ಗರಿಯ ಮೇಲೆ ಕಪ್ಪು ಅಕ್ಷರ ಮೂಡಿಸುತ್ತಿದ್ದರು. ಎರಡೂ ಕೈಗೆಟಕುವಂತಿದ್ದ ಜನ, ಕೊರೆದರೆ ಅಳಿಸಲಾಗದ ಕೃತಿಗೆ ತಿಳಿ ಹಿನ್ನೆಲೆಯನ್ನೂ ದಿನದಿನವೂ ತಿದ್ದುವ ಲೆಕ್ಕಕ್ಕೆ ಕರಿ ಹಿನ್ನೆಲೆಯನ್ನೂ ಇಟ್ಟುಕೊಂಡಿದ್ದರು. ಶಾಲೆಯ ಹಲಗೆಯೂ ಸ್ಲೇಟೂ ಕರಿಯ ಮೈಯವೇ. ಕಡತ ಕಾಗದಕ್ಕಿಂತ ಹೆಚ್ಚು ಬಾಳಿಕೆಯದು ಎಂದು ವಿಲ್ಕ್ಸ್ ಅವರೇ ಹೇಳಿರುವಾಗ ಅದನ್ನು ಬರೀ ಕರಡು ಎನ್ನಬಹುದೇ ಎಂದು ಕೇಳಿದರೆ, ಕರಡು ಎನ್ನಲಾಗದು, ನಿಜ. ಆದರೆ ಬಾಳಿಕೆ ಬೇರೆ, ಮುಗಿದ ಬರಹ ಬೇರೆ. ಲೆಕ್ಕದ ಪುಸ್ತಕ ನೂರು ವರ್ಷ ಉಳಿದರೂ ಅದು ನಡೆಯುತ್ತಿರುವ ಬರಹವೇ. ಮುಗಿದದ್ದೆಂದು ಸಾರಬೇಕಾದ ದಾನಶಾಸನವನ್ನು ಕಲ್ಲು, ತಾಮ್ರಗಳ ಮೇಲೆ ಕೊರೆಸುತ್ತಿದ್ದರು. ಕಡತದಿಂದ ಕಂಪ್ಯೂಟರಿಗೆ ಯಾವ ವಂಶಾವಳಿಯೂ ಇಲ್ಲ. ತಿದ್ದಲೆಂದೇ ಇರುವ ಬರವಣಿಗೆಗೆ ಕಪ್ಪು ಮೈ ಒಗ್ಗುತ್ತದೆ ಎಂಬುದನ್ನು ಜನ ಎರಡು ಸಲ ಬೇರೆಬೇರೆಯಾಗಿ ಕಂಡುಕೊಂಡರು ಎಂದಷ್ಟೇ ನಾನು ಹೇಳುತ್ತಿರುವುದು.

ಅಕ್ಷರದ ಅಳತೆಯ ಚರಿತ್ರೆಯೂ ಇದೇ ಜಾಡಿನದು. ವರ್ಡ್‌ನಲ್ಲಿ 12ನ್ನು 16 ಮಾಡಿದರೆ ಬರಹವೇ ಬದಲಾಗುತ್ತದೆ. ಪುಟಗಳು ಹೆಚ್ಚುತ್ತವೆ, ಪ್ರಿಂಟು ಬೇರೆ ಬರುತ್ತದೆ, ಫೈಲ್ ಕಳಿಸಿಕೊಟ್ಟವರಿಗೂ 16ರಲ್ಲೇ ಕಾಣುತ್ತದೆ. ಅಲ್ಲಿನ ಪಾಯಿಂಟು ಕಾಗದದ ಅಳತೆ; ನೋಡುವವರ ಕಣ್ಣಿಗೆಂದು ಝೂಮ್ ಎಂಬ ಬೇರೆ ಸೌಲಭ್ಯ ಕೊಡಬೇಕಾಯಿತು. ನೋಟ್‌ಪ್ಯಾಡಿನಂಥ ಎಡಿಟರಿನಲ್ಲಿ ಉಳಿಸುವ ಫೈಲಿಗೆ ಅಳತೆಯೂ ಇಲ್ಲ, ಬಣ್ಣವೂ ಇಲ್ಲ, ಬರೀ ಅಕ್ಷರಗಳ ಸಾಲು. ಒಬ್ಬರು 11ರಲ್ಲಿ ಬಿಳಿಯ ಮೇಲೆ ಬರೆದದ್ದನ್ನು ಇನ್ನೊಬ್ಬರು 24ರಲ್ಲಿ ಕಪ್ಪಿನ ಮೇಲೆ ಓದಬಹುದು, ಫೈಲ್ ಎಳ್ಳಷ್ಟೂ ಬದಲಾಗುವುದಿಲ್ಲ. ಹೀಗಿದ್ದೂ ನೋಟ್‌ಪ್ಯಾಡಿಗೆ ಝೂಮ್ ಬಂದದ್ದು 2018ರಲ್ಲಿ, ಕಪ್ಪು ತೆರೆ ಬಂದದ್ದು ವಿಂಡೋಸ್ 11ರ ಜೊತೆ.

ನೋಡುವ ಪರಿ ಬೇರೆ, ಬರಹ ಬೇರೆ ಎಂಬ ಈ ವಿಂಗಡಣೆ ಕನ್ನಡಕ್ಕೆ ಸುಲಭವಾಗಿ ದಕ್ಕಲಿಲ್ಲ. 1980ರ ದಶಕದಲ್ಲಿ ಕಾನ್ಪುರದ ಐಐಟಿಯಲ್ಲಿ ಆರಂಭವಾಗಿ ಮುಂದೆ ಸಿ-ಡ್ಯಾಕ್ ಸಂಸ್ಥೆಯಲ್ಲಿ ಬೆಳೆದ ಜಿಸ್ಟ್ ಕಾರ್ಡು ಡಾಸ್ ತೆರೆಯ ಮೇಲೆ ಭಾರತೀಯ ಲಿಪಿಗಳನ್ನು ಮೂಡಿಸಿತು. ಅದರ ಹಿಂದಿದ್ದ ಇಸ್ಕಿ ಸಂಕೇತ ವ್ಯವಸ್ಥೆ ಅಕ್ಷರದ ರೂಪವನ್ನು ಬಿಟ್ಟು ಅಕ್ಷರವನ್ನೇ ದಾಖಲಿಸುತ್ತಿತ್ತು. ಆದರೆ ಡಿಟಿಪಿ ಬಂದ ಮೇಲೆ ಗಮನವೆಲ್ಲ ಅಚ್ಚಿನ ಪುಟದ ಮೇಲೆ ನೆಟ್ಟಿತು. ಪೇಜ್‌ಮೇಕರ್ ಎಂಬ ತಂತ್ರಾಂಶದಲ್ಲಿ ಪುಟ ಕಟ್ಟಬೇಕು, ಅದರಲ್ಲಿ ಕನ್ನಡ ಚೆನ್ನಾಗಿ ಕಾಣಬೇಕು, ಅಚ್ಚಿಗೆ ಪ್ಲೇಟು ಹೋಗಬೇಕು. ಅದಕ್ಕೆ ಕಂಡುಕೊಂಡ ಉಪಾಯ ಇಂಗ್ಲಿಷ್ ಅಕ್ಷರಗಳ ಸ್ಥಾನದಲ್ಲಿ ಕನ್ನಡದ ತುಣುಕುಗಳನ್ನು ಕೂರಿಸಿದ ಫಾಂಟು. 1998ರಲ್ಲಿ ಬಂದ ‘ಬರಹ’ ತಂತ್ರಾಂಶ, ಅದರ ಬೆನ್ನಿಗೆ ಕನ್ನಡ ಗಣಕ ಪರಿಷತ್ತಿನ ‘ನುಡಿ’ ಮನೆಮನೆಗೆ ಕನ್ನಡ ಟೈಪಿಂಗ್ ತಲುಪಿಸಿದ್ದು ಇಂಥ ಫಾಂಟುಗಳ ಮೂಲಕವೇ. ಆ ಉಪಕಾರ ಸಣ್ಣದಲ್ಲ. ಆದರೆ ‘ಕನ್ನಡ’ ಎಂದು ನುಡಿಯಲ್ಲಿ ಟೈಪ್ ಮಾಡಿದ ಪದವನ್ನು ಆಯ್ದು ಬೇರೆ ಸಾಧಾರಣ ಫಾಂಟ್ ಹಾಕಿದರೆ ಕಾಣುವುದೇನು? ಇಂಗ್ಲಿಷಿನ ದೊಡ್ಡ ಪಿ, ತಲೆಯ ಮೇಲೆ ಓರೆಗೀಟು ಹೊತ್ತ ಎ, ಆಮೇಲೆ ಬ್ರಿಟನ್ನಿನ ಪೌಂಡ್ ಹಣದ ಚಿಹ್ನೆ, ಮತ್ತೆ ಗೀಟಿನ ಎ, ನ-ಒತ್ತಿನ ಜಾಗದಲ್ಲಿ ಜರ್ಮನರ ಜೋಡಿ ಎಸ್, ಸಣ್ಣ ಕ್ಯೂ, ಕೊನೆಗೊಂದು ಗೀಟಿನ ಎ. ಕಂಪ್ಯೂಟರಿನ ಪಾಲಿಗೆ ಅಲ್ಲಿರುವುದು ಅದೇ. ಇಂಗ್ಲಿಷಿನವರಿಗೆ ಫಾಂಟ್ ಬದಲಾವಣೆ ಎಂದರೆ ಅಂಗಿ ಬದಲಾವಣೆ. ಆ ವರ್ಷಗಳಲ್ಲಿ ಕನ್ನಡಕ್ಕೆ ಅದು ಪ್ರಾಣಕ್ಕೇ ಬರುತ್ತಿತ್ತು. ಪುಟ ಅಚ್ಚಾದರೆ ಸಾಕು ಎಂದುಕೊಂಡದ್ದರ ಬೆಲೆಯನ್ನು ನಾವು ತೆತ್ತಷ್ಟು ತೆತ್ತವರು ಕಡಿಮೆ.

ಇಸ್ಕಿಯ ತಳಹದಿಯ ಮೇಲೆಯೇ ಕನ್ನಡಕ್ಕೆ ಜಾಗ ಕೊಟ್ಟ ಯೂನಿಕೋಡ್ 1991ರಲ್ಲೇ ಬಂದಿದ್ದರೂ, ಸಾಮಾನ್ಯರ ಕಂಪ್ಯೂಟರಿಗೆ ಅದು ಇಳಿದದ್ದು 2001ರ ವಿಂಡೋಸ್ ಎಕ್ಸ್‌ಪಿಯಲ್ಲಿದ್ದ ತುಂಗಾ ಫಾಂಟಿನ ಜೊತೆ. ಈಗ ಫಾಂಟ್ ಬದಲಿಸಿದರೆ ಬರಹ ಸಾಯುವುದಿಲ್ಲ. ಅಳತೆಯ ತೊಡಕು ಮಾತ್ರ ಉಳಿದಿದೆ. ಎಡಿಟರುಗಳು ಸಾಲಿನ ಎತ್ತರವನ್ನು ಇಂಗ್ಲಿಷಿನ ಲೆಕ್ಕದಲ್ಲಿ ಇಟ್ಟಿರುತ್ತವೆ. ‘ರಾಷ್ಟ್ರ’, ‘ವೈಶಿಷ್ಟ್ಯ’ಗಳಂಥ ಪದಗಳಲ್ಲಿ ಒತ್ತಿನ ಕೆಳಗೆ ಒತ್ತು ಇಳಿದಾಗ ಅದು ಕೆಳಗಿನ ಸಾಲಿನ ತಲೆಕಟ್ಟಿಗೆ ತಾಗುತ್ತದೆ, ಕೆಲವೊಮ್ಮೆ ಕತ್ತರಿಸಿಯೂ ಹೋಗುತ್ತದೆ. ಒಂದೊಂದು ಅಕ್ಷರಕ್ಕೂ ಒಂದೇ ಅಗಲದ ಮನೆ ಕೊಡುವ ಟರ್ಮಿನಲ್ಲುಗಳಲ್ಲಂತೂ ಕನ್ನಡಕ್ಕೆ ಇಂದಿಗೂ ನೆಮ್ಮದಿಯ ಜಾಗವಿಲ್ಲ. ಒತ್ತುಗಳು ಮೂಲಾಕ್ಷರಕ್ಕಿಂತ ಚಿಕ್ಕವಾದ್ದರಿಂದ, ಚಿಕ್ಕ ಅಕ್ಷರಕ್ಕೆ ಬಿಳಿ ಹಿನ್ನೆಲೆ ಲೇಸು ಎಂಬ ಜರ್ಮನ್ ತಂಡದ ಮಾತು ನಮಗೆ ಇನ್ನೂ ಹೆಚ್ಚು ಅನ್ವಯಿಸಬೇಕು ಎಂದು ತೋರುತ್ತದೆ. ಕಪ್ಪು ತೆರೆ ಇಷ್ಟಪಡುವ ಕನ್ನಡ ಬರಹಗಾರರು ಅಳತೆಯನ್ನು ಇಂಗ್ಲಿಷಿಗಿಂತ ಎರಡು ಮೂರು ಪಾಯಿಂಟ್ ಹೆಚ್ಚಿಟ್ಟು, ಸಾಲಿನ ಎತ್ತರವನ್ನೂ ಕೈಯಾರೆ ಏರಿಸಿಕೊಳ್ಳುವುದು ಒಳ್ಳೆಯದು.

ಇದಕ್ಕೂ ಮೊದಲು ಆಗಬೇಕಾದ ಕೆಲಸ ಒಂದಿದೆ. ಮುದ್ರಣಾಲಯ, ಪ್ರಕಾಶನ, ಸಂಘಸಂಸ್ಥೆ, ಲೇಖಕರ ಮನೆಗಳ ಹಳೆಯ ಕಂಪ್ಯೂಟರುಗಳಲ್ಲಿ ಹಳೆಯ ಫಾಂಟಿನ ಫೈಲುಗಳು ಇನ್ನೂ ಬಿದ್ದಿವೆ. ಆ ಫಾಂಟು ತಪ್ಪಿಹೋದ ದಿನ ಅವನ್ನು ಓದುವುದು ಕಷ್ಟ, ಹುಡುಕುವುದಂತೂ ಈಗಲೂ ಆಗದು. ಅಂಥ ಫೈಲುಗಳಿದ್ದವರು ಅವನ್ನು ಯೂನಿಕೋಡಿಗೆ ಪರಿವರ್ತಿಸಿಟ್ಟುಕೊಳ್ಳಿ. ಪರಿವರ್ತಕಗಳು ಉಚಿತವಾಗಿ ಸಿಗುತ್ತವೆ. ಅರ್ಕಾವೊತ್ತು, ಒತ್ತಕ್ಷರಗಳಲ್ಲಿ ತಪ್ಪು ನುಸುಳುವುದುಂಟು, ಹಾಗಾಗಿ ಕರಡು ತಿದ್ದಲು ಒಂದಿಷ್ಟು ಸಮಯ ಇಟ್ಟುಕೊಂಡೇ ಆ ಕೆಲಸಕ್ಕೆ ಕೂರಿ.